ಪೆಟ್ಟಿಗೆಯೊಳಗಿನ ಕವಿಗಳು

ಮೊನ್ನೆ ಮೊಮ್ಮಗಳು ಜಗಲಿಯಲ್ಲಿ ಒಬ್ಬಳೇ ಕೂತು ಯಾರ ಜೊತೆಗೋ ಜಗಳವಾಡುತ್ತಿದ್ದಳು. “ಯಾರೇ ಅದು?” ಎಂದೆ. “ನಿಮಗೆ ಕಾಣಲ್ಲ ತಾತ, ಸುಮ್ಮನಿರಿ” ಎಂದು ಗದರಿದಳು. ಸುಮ್ಮನಾದೆ. ಆಗ ನೆನಪಾದವನು ಪೋರ್ಚುಗಲ್ಲಿನ ಕವಿ ಫೆರ್ನಾಂಡೊ ಪೆಸ್ಸೋವಾ.

1888ರಲ್ಲಿ ಲಿಸ್ಬನ್ ನಗರದಲ್ಲಿ ಹುಟ್ಟಿದ ಈ ಹುಡುಗನಿಗೆ ಐದು ವರ್ಷವಾದಾಗ ಅಪ್ಪ ಕ್ಷಯರೋಗದಿಂದ ತೀರಿಕೊಂಡರು. ಕೆಲವೇ ತಿಂಗಳಲ್ಲಿ ಪುಟ್ಟ ತಮ್ಮನೂ ಹೋದ. ಮನೆ ಬಿಕೋ ಎನ್ನುತ್ತಿದ್ದ ಆ ದಿನಗಳಲ್ಲಿ ಅವನಿಗೊಬ್ಬ ಗೆಳೆಯ ಸಿಕ್ಕಿದ. ಹೆಸರು ಶವಲಿಯೆ ದ ಪಾ. ಅವನಿಂದ ಫೆರ್ನಾಂಡೊಗೆ ಕಾಗದಗಳು ಬರುತ್ತಿದ್ದವು. ಬರೆಯುತ್ತಿದ್ದವನು ಯಾರು ಅಂತೀರಿ? ಫೆರ್ನಾಂಡೊನೇ!

ದೊಡ್ಡವನಾಗಿ ಕಚೇರಿಗಳಲ್ಲಿ ವ್ಯಾಪಾರದ ಪತ್ರಗಳನ್ನು ಅನುವಾದಿಸುವ ಕೆಲಸ ಹಿಡಿದ ಮೇಲೂ ಆಟ ನಿಲ್ಲಲಿಲ್ಲ. ಅವನೊಳಗೆ ಕವಿಗಳೇ ಹುಟ್ಟತೊಡಗಿದರು. ಹೆಚ್ಚು ಓದದ, ಹಳ್ಳಿಯಲ್ಲಿ ಬಾಳಿದ ಆಲ್ಬರ್ಟೊ ಕಾಯಿರೊ. ಶಿಸ್ತಿನ ವೈದ್ಯ ರಿಕಾರ್ಡೊ ರೈಸ್. ಹಡಗಿನ ಎಂಜಿನಿಯರ್, ಗದ್ದಲದ ಮನುಷ್ಯ ಆಲ್ವಾರೊ ದ ಕಾಂಪೋಸ್. ಬರೀ ಕಾವ್ಯನಾಮಗಳಲ್ಲ ಇವು. ಒಬ್ಬೊಬ್ಬನ ಶೈಲಿಯೂ ಬೇರೆ, ನಂಬಿಕೆಯೂ ಬೇರೆ. ಒಬ್ಬನ ಕವಿತೆಯನ್ನು ಇನ್ನೊಬ್ಬ ಟೀಕಿಸುತ್ತಿದ್ದ! ಅಜ್ಜ ಅಜ್ಜಿಯರಿಗೆ ಇದು ಇಷ್ಟವಾದೀತು: ಪೆಸ್ಸೋವಾ ಇವರಿಗೆಲ್ಲ ಜಾತಕವನ್ನೂ ಬರೆದಿದ್ದ.

ಕಚೇರಿಯಲ್ಲಿ ಪರಿಚಯವಾದ ಒಫೀಲಿಯಾ ಎಂಬಾಕೆಯನ್ನು ಅವನು ಪ್ರೀತಿಸಿದ. ಆಕೆಯನ್ನು ನೋಡಲು ಹೋದಾಗ ಕೆಲವೊಮ್ಮೆ “ಇವತ್ತು ಬಂದಿರುವುದು ನಾನಲ್ಲ, ಕಾಂಪೋಸ್” ಎನ್ನುತ್ತಿದ್ದನಂತೆ. ಆಕೆಗೆ ಕಾಂಪೋಸನನ್ನು ಕಂಡರೆ ಆಗುತ್ತಿರಲಿಲ್ಲ. ಪಾಪ, ಆಕೆಯದೇನು ತಪ್ಪು! ಮದುವೆ ಆಗಲೇ ಇಲ್ಲ.

ನಮ್ಮ ಬೇಂದ್ರೆಯವರೂ ತಮ್ಮೊಳಗಿನ ಕವಿಯನ್ನು ‘ಅಂಬಿಕಾತನಯದತ್ತ’ ಎಂದು ಕರೆದು, ಅವನು ಬೇರೆ ಬೇಂದ್ರೆ ಬೇರೆ ಎನ್ನುತ್ತಿದ್ದರು. ಅವರದು ಒಬ್ಬನೇ ಜೊತೆಗಾರ. ಪೆಸ್ಸೋವಾನದು ಎಪ್ಪತ್ತಕ್ಕೂ ಮೀರಿದ ಸಂಸಾರ.

1935ರಲ್ಲಿ ಆತ ತೀರಿಕೊಂಡಾಗ ವಯಸ್ಸು 47. ಪೋರ್ಚುಗೀಸ್ ಭಾಷೆಯಲ್ಲಿ ಅಚ್ಚಾಗಿದ್ದ ಅವನ ಕವನ ಪುಸ್ತಕ ಒಂದೇ ಒಂದು. ಆದರೆ ಕೋಣೆಯಲ್ಲೊಂದು ದೊಡ್ಡ ಮರದ ಪೆಟ್ಟಿಗೆಯಿತ್ತು. ತೆಗೆದು ನೋಡಿದರೆ 25,000ಕ್ಕೂ ಹೆಚ್ಚು ಹಾಳೆಗಳು! ಎಲ್ಲರೂ ಅಲ್ಲೇ ಇದ್ದರು. ಪೋರ್ಚುಗೀಸ್ ಭಾಷೆಯಲ್ಲಿ ‘ಪೆಸ್ಸೋವಾ’ ಎಂದರೆ ‘ಒಬ್ಬ ವ್ಯಕ್ತಿ’ ಎಂದರ್ಥ. ತಮಾಷೆ ನೋಡಿ.

ಕಥೆ ಮುಗಿಯುವಷ್ಟರಲ್ಲಿ ಮೊಮ್ಮಗಳು ಕಾಗದ, ಪೆನ್ಸಿಲ್ ಹಿಡಿದು ಕೂತಿದ್ದಳು.

“ತಾತ, ನಮ್ಮನೆ ಪಿನ್‌ಕೋಡ್ ಎಷ್ಟು?”