ಸ್ಟಾರ್ಟರ್ ಬದಲಿಸುವ ಮುನ್ನ ರಿಲೇ ನೋಡಿ

ಕಳೆದ ಮಳೆಗಾಲದ ಒಂದು ರಾತ್ರಿ ಅಮ್ಮನಿಗೆ ಉಬ್ಬಸ ಜೋರಾಯಿತು. ಕಾರಿನ ಕೀ ತಿರುಗಿಸಿದರೆ ಸಣ್ಣ ‘ಟಕ್’ ಶಬ್ದ, ಅಷ್ಟೇ. ನೆರೆಮನೆಯ ಜೀಪಿನಲ್ಲಿ ಆಸ್ಪತ್ರೆ ಸೇರಿದೆವು.

ಮರುದಿನ ಬಂದ ಮೆಕ್ಯಾನಿಕ್, ‘ಸ್ಟಾರ್ಟರ್ ಮೋಟಾರೇ ಹೋಗಿದೆ, ಹೊಸತು ಹಾಕಬೇಕು’ ಎಂದರು. ಹೆಡ್‌ಲೈಟ್ ಜೋರಾಗಿಯೇ ಉರಿಯುತ್ತಿತ್ತು. ನನಗೆ ಸಂಶಯ.

ಬಾನೆಟ್ಟಿನ ಅಡಿಯ ಫ್ಯೂಸ್ ಪೆಟ್ಟಿಗೆ ತೆರೆದೆ. ಯಾವ ರಿಲೇ ಎಲ್ಲಿದೆಯೆಂದು ಮುಚ್ಚಳದಲ್ಲೇ ಚಿತ್ರವಿತ್ತು. ಹಾರ್ನಿನದ್ದೂ ಅದೇ ನಂಬ್ರದ ರಿಲೇ. ಕೀ ತೆಗೆದು ಎರಡನ್ನೂ ಅದಲು ಬದಲು ಮಾಡಿದೆ. ಗೇರು ನ್ಯೂಟ್ರಲ್ ಮಾಡಿ, ಹ್ಯಾಂಡ್‌ಬ್ರೇಕ್ ಎಳೆದು ಕೀ ತಿರುಗಿಸಿದರೆ ಕಾರು ಸ್ಟಾರ್ಟ್! ಹಾರ್ನ್ ಮಾತ್ರ ಮೂಕ.

ಹಳೆಯದನ್ನು ಪರೀಕ್ಷಿಸಿದೆ. 85, 86 ನಂಬ್ರದ ಕಾಲುಗಳಿಗೆ 12 ವೋಲ್ಟ್ ಕೊಟ್ಟಾಗ ‘ಟಕ್’ ಎಂದಿತು. ಆದರೆ 30 ಮತ್ತು 87ರ ಮೂಲಕ ಟೆಸ್ಟ್ ಬಲ್ಬ್ ಉರಿಯಲಿಲ್ಲ. ಕಾಯಿಲ್ ಸರಿಯಿದೆ, ಪಾಯಿಂಟ್ ಸುಟ್ಟಿದೆ ಎಂದರ್ಥ. ಶಬ್ದ ಬಂತೆಂದು ರಿಲೇ ಸರಿಯಿದೆ ಎನ್ನುವಂತಿಲ್ಲ. (ರಿಲೇ ಮೇಲೆ ಡಯೋಡಿನ ಗುರುತಿದ್ದರೆ ಪ್ಲಸ್-ಮೈನಸ್ ತಪ್ಪಬಾರದು.) ಅದೇ ನಂಬ್ರದ ಹೊಸ ರಿಲೇ ತಂದು ಒತ್ತಿ ಕೂರಿಸಿದೆ. ಕೆಲಸ ಮುಗಿಯಿತು.

ಎಲ್ಲಾ ರಿಪೇರಿ ನಾವೇ ಮಾಡಬೇಕೆಂದಲ್ಲ. ಕೆಲವು ಹಳೇ ಗಾಡಿಗಳಲ್ಲಿ ಪ್ರತ್ಯೇಕ ರಿಲೇಯೇ ಇರುವುದಿಲ್ಲ. ರಿಲೇ ಬದಲಿಸಿಯೂ ಕೇಳದಿದ್ದರೆ ಬ್ಯಾಟರಿ ಟರ್ಮಿನಲ್, ಅರ್ತ್ ವಯರ್ ನೋಡಿ, ಮತ್ತೆ ಮೆಕ್ಯಾನಿಕ್. ಆದರೆ ಪಂಪಿನ ಸ್ಟಾರ್ಟರ್ ಬಿಚ್ಚಿ ಕಾಂಟ್ಯಾಕ್ಟ್ ಉಜ್ಜುವ ನಾವು ಈ ಬೆಂಕಿಪೆಟ್ಟಿಗೆಗಿಂತ ಚಿಕ್ಕ ಡಬ್ಬಿಗೆ ಹೆದರುವುದೇಕೆ? ಪೇಟೆಯಿಂದ ದೂರ ಇರುವವರು ಒಂದು ರಿಲೇ ಗಾಡಿಯಲ್ಲೇ ಇಟ್ಟುಕೊಳ್ಳಿ. ಆ ರಾತ್ರಿ ನನ್ನಲ್ಲಿ ಅದಿರುತ್ತಿದ್ದರೆ ಅಮ್ಮ ಅಷ್ಟು ಹೊತ್ತು ಜಗಲಿಯಲ್ಲಿ ಏದುಸಿರು ಬಿಡುತ್ತಾ ಕೂರಬೇಕಾಗಿರಲಿಲ್ಲ.