ಐವತ್ತು ದಾಟಿದ ನಟಿಗೆ ಪಾತ್ರ ಬರೆಯುವವರು ಯಾರು?

ನಟಿಯೊಬ್ಬರು ಐವತ್ತು ದಾಟಿದ ಮೇಲೂ ಮಿಂಚಿದರೆ ಅದನ್ನು ಅವರ ಪ್ರತಿಭೆಯ ಲೆಕ್ಕಕ್ಕೆ ಬರೆದು ಸುಮ್ಮನಾಗುತ್ತೇವೆ. ಅದೇ ಪ್ರತಿಭೆ ಮೂವತ್ತರಲ್ಲೂ ಇತ್ತಲ್ಲ, ಆಗ ಅದಕ್ಕೆ ಸಿಕ್ಕಿದ್ದೇನು ಎಂದು ಕೇಳುವವರು ಕಡಿಮೆ. ಜರ್ಮನಿಯ ಹನ್ನೆಲೋರೆ ಎಲ್ಸ್‌ನರ್ ಅವರ ವೃತ್ತಿಜೀವನ ನೋಡಿದವರು ಈ ಪ್ರಶ್ನೆ ಕೇಳಲೇಬೇಕು. 1942ರಲ್ಲಿ ಬವೇರಿಯಾದ ಬುರ್ಗ್‌ಹೌಸೆನ್‌ನಲ್ಲಿ ಹುಟ್ಟಿದ ಅವರು ಹದಿಹರೆಯದಲ್ಲೇ ಕ್ಯಾಮೆರಾ ಮುಂದೆ ನಿಂತರು. 1973ರಲ್ಲಿ ಎಡ್ಗರ್ ರೈಟ್ಸ್ ನಿರ್ದೇಶನದ ಚಿತ್ರದಂಥ ಒಳ್ಳೆಯ ಅವಕಾಶ ನಡುನಡುವೆ ಬಂದರೂ, ಹಗುರ ಹಾಸ್ಯಚಿತ್ರಗಳು ಅವರಿಂದ ಕೇಳಿದ್ದು ಚೆಂದದ ಮುಖವನ್ನಷ್ಟೇ. ಅವರ ದೊಡ್ಡ ಪಾತ್ರಗಳೆಲ್ಲ ಬಂದದ್ದು ಐವತ್ತರ ನಂತರ. ಅದಕ್ಕೆ ದಾರಿ ಮಾಡಿಕೊಟ್ಟದ್ದು, ಸಿನಿಮಾದವರು ಕೀಳಾಗಿ ಕಾಣುವ ಟಿವಿ ಧಾರಾವಾಹಿ ಎಂಬುದು ನನ್ನ ವಾದ.

1994ರಿಂದ 2006ರವರೆಗೆ ಎಆರ್‌ಡಿ ವಾಹಿನಿಯ 'ದೀ ಕೊಮಿಸಾರಿನ್' ಧಾರಾವಾಹಿಯಲ್ಲಿ ಅವರು ಪೊಲೀಸ್ ಅಧಿಕಾರಿ ಲೇಯಾ ಸೊಮರ್ ಆಗಿದ್ದರು. ವಿಚ್ಛೇದಿತೆ, ಮಗನನ್ನು ಒಬ್ಬಳೇ ಸಾಕುವವಳು, ಠಾಣೆಯಲ್ಲಿ ಗಂಡಸರಿಗೆ ಆದೇಶ ಕೊಡುವವಳು. ಐವತ್ತರ ಹೆಂಗಸು ಯಾರದೋ ತಾಯಿಯೋ ಹೆಂಡತಿಯೋ ಆಗಿ ಮೂಲೆಯಲ್ಲಿ ನಿಲ್ಲದೆ ಕಥೆಯನ್ನೇ ಹೊತ್ತು ನಡೆಯುವುದು ವೀಕ್ಷಕರ ಕಣ್ಣಿಗೆ ರೂಢಿಯಾಯಿತು. ಧಾರಾವಾಹಿ ನಡೆಯುತ್ತಿದ್ದಾಗಲೇ, 2000ದಲ್ಲಿ, ಓಸ್ಕರ್ ರ‍್ಯೋಲರ್ ಅವರ ಕಪ್ಪುಬಿಳುಪು ಚಿತ್ರ 'ದೀ ಉನ್‌ಬೆರ್ಯೂರ್‌ಬಾರೆ' ಬಂತು. ನಿರ್ದೇಶಕ ತನ್ನ ತಾಯಿ, ಕಾದಂಬರಿಗಾರ್ತಿ ಗಿಸೆಲಾ ಎಲ್ಸ್‌ನರ್ ಅವರ ಕೊನೆಯ ದಿನಗಳಿಂದ ಕಟ್ಟಿದ ಕಥೆ ಅದು (ಹೆಸರು ಒಂದೇ ಆದರೂ ನಟಿಗೂ ಲೇಖಕಿಗೂ ನೆಂಟಸ್ತಿಕೆಯಿಲ್ಲ). ಬರ್ಲಿನ್ ಗೋಡೆ ಉರುಳಿ ದೇಶವೆಲ್ಲ ಕುಣಿಯುತ್ತಿರುವಾಗ, ತಾನು ನಂಬಿದ್ದೆಲ್ಲ ಮುಗಿಯಿತೆಂದು ಕುಸಿಯುವ ಹೆಂಗಸು. ಎತ್ತರದ ಕರಿ ವಿಗ್ಗು, ಕಣ್ಣ ಸುತ್ತ ದಪ್ಪ ಕಾಡಿಗೆ. ಆ ಮುಖಕವಚದ ಹಿಂದಿನಿಂದ ಭಯ ಇಣುಕುವುದನ್ನು ಎಲ್ಸ್‌ನರ್ ತೋರಿಸಿದ ಬಗೆಗೆ ಜರ್ಮನ್ ಚಲನಚಿತ್ರ ಪ್ರಶಸ್ತಿ ಸಿಕ್ಕಿತು. ಮೂರು ವರ್ಷಕ್ಕೆ ಅದೇ ಪ್ರಶಸ್ತಿ ಮತ್ತೊಮ್ಮೆ ಬಂತು. 2008ರ ಡೋರಿಸ್ ಡ್ಯೋರಿ ಚಿತ್ರ 'ಕಿರ್ಷ್‌ಬ್ಲ್ಯೂಟೆನ್'ನಲ್ಲಂತೂ ಅವರ ಪಾತ್ರ ಬೇಗನೆ ಸತ್ತುಹೋಗುತ್ತದೆ. ಗಂಡ ಟೋಕಿಯೊದಲ್ಲಿ ಕೋಟು ಬಿಚ್ಚಿ, ಒಳಗೆ ತೊಟ್ಟ ಅವಳ ಉಣ್ಣೆಯಂಗಿಗೆ ಚೆರಿ ಹೂಗಳನ್ನು ತೋರಿಸುತ್ತಾನೆ. ಪರದೆಯ ಮೇಲೆ ಇಲ್ಲದ ನಟಿ ಆಗಲೂ ಅಲ್ಲೇ ಇದ್ದಾರೆ ಅನ್ನಿಸುತ್ತದೆ.

ಇದು ಒಬ್ಬರ ಅದೃಷ್ಟ, ವ್ಯವಸ್ಥೆಯ ಗುಣವಲ್ಲ ಎನ್ನುವವರ ಕೈಯಲ್ಲಿ ಗಟ್ಟಿ ಪುರಾವೆಯೇ ಇದೆ. ರೊಸ್ಟಾಕ್ ವಿಶ್ವವಿದ್ಯಾಲಯದ 2017ರ ಅಧ್ಯಯನದಂತೆ, ಜರ್ಮನ್ ಟಿವಿಯಲ್ಲಿ ಐವತ್ತು ದಾಟಿದ ಒಬ್ಬ ಹೆಂಗಸಿಗೆ ಮೂವರು ಗಂಡಸರು ಕಾಣಿಸುತ್ತಾರೆ. ಒಪ್ಪುತ್ತೇನೆ, ಟಿವಿ ನ್ಯಾಯವಂತ ಎಂದು ನಾನು ಹೇಳುತ್ತಿಲ್ಲ. ಆದರೆ ಈ ಅಂಕಿ ನನ್ನ ಮಾತನ್ನು ಸುಳ್ಳಾಗಿಸುವುದಿಲ್ಲ. ವಯಸ್ಸಾದ ನಟಿಯರು ಕಾಣದಿರುವುದು ಪ್ರತಿಭೆಯ ಬರದಿಂದಲ್ಲ, ಪಾತ್ರದ ಬರದಿಂದ. ಪಾತ್ರ ಬರೆಸಿದಲ್ಲಿ ಏನಾಗುತ್ತದೆ ಎಂಬುದಕ್ಕೆ ಎಲ್ಸ್‌ನರ್ ಸಾಕ್ಷಿ. ಧಾರಾವಾಹಿ ನಟರನ್ನು ಒಂದೇ ಅಚ್ಚಿಗೆ ಎರಕ ಹೊಯ್ಯುತ್ತದೆ ಎಂಬ ಮಾತೂ ಇಲ್ಲಿ ನಿಲ್ಲದು: ಲೇಯಾ ಸೊಮರ್ ಆಗಿದ್ದ ಹನ್ನೆರಡು ವರ್ಷಗಳಲ್ಲೇ ಆ ಎರಡು ಪ್ರಶಸ್ತಿಗಳೂ ಬಂದವು.

2019ರ ಏಪ್ರಿಲ್‌ನಲ್ಲಿ ಅವರು ಕ್ಯಾನ್ಸರ್‌ನಿಂದ ತೀರಿಕೊಂಡಾಗ ಟಿವಿ ಚಿತ್ರವೊಂದರ ಕೆಲವು ದೃಶ್ಯಗಳು ಬಾಕಿಯಿದ್ದವು. ಅವನ್ನು ಕೈಬಿಡಲಿಲ್ಲ, ಬೇರೊಬ್ಬರನ್ನಿಟ್ಟು ಇಡೀ ಚಿತ್ರವನ್ನು ಮತ್ತೆ ತೆಗೆಯಲೂ ಇಲ್ಲ. ಹನ್ನೆಲೋರೆ ಹೋಗರ್, ಈವಾ ಮಾಟೆಸ್, ಐರಿಸ್ ಬರ್ಬೆನ್, ಜೂಡಿ ವಿಂಟರ್, ಗಿಸೆಲಾ ಶ್ನೇಬರ್ಗರ್ ಸರದಿಯಂತೆ ಬಂದು ಅದೇ ಪಾತ್ರವಾಗಿ ನಿಂತರು. ಐವರೂ ಅರವತ್ತು ದಾಟಿದ ನಟಿಯರು.