ಗಾಂಧೀಜಿ ಅಷ್ಟು ವೇಗವಾಗಿ ನಡೆಯುತ್ತಿದ್ದರೆ?

ಹಳೆಯ ವಾರ್ತಾಚಿತ್ರಗಳ ತುಣುಕುಗಳನ್ನು ಜೋಡಿಸಿ ಸಾಕ್ಷ್ಯಚಿತ್ರವೊಂದನ್ನು ಕಟ್ಟಬಹುದೆಂಬುದನ್ನು ರಷ್ಯಾದ ಎಸ್ಫಿರ್ ಶುಬ್ 1927ರಲ್ಲಿ ತೋರಿಸಿಕೊಟ್ಟರು. ನಮ್ಮಲ್ಲಿ ಎ. ಕೆ. ಚೆಟ್ಟಿಯಾರರು ಹಲವು ದೇಶಗಳನ್ನು ಸುತ್ತಿ ಸಂಗ್ರಹಿಸಿದ ತುಣುಕುಗಳಿಂದ 1940ರಲ್ಲಿ ಗಾಂಧೀಜಿಯವರ ಚಿತ್ರವನ್ನು ಹೊರತಂದರು. ಆ ಶ್ರಮ ಸಾಮಾನ್ಯವಾದುದಲ್ಲ.

ಆದರೆ ಇಂತಹ ತುಣುಕುಗಳನ್ನು ವೇಗ ಸರಿಪಡಿಸದೆ ಇಂದಿಗೂ ಕೆಲವರು ಬಳಸುವುದು ನನಗೆ ಒಪ್ಪಿಗೆಯಿಲ್ಲ. 1930ರ ದಂಡಿಯಾತ್ರೆಯ ಗಾಂಧೀಜಿ ಕೀಲುಗೊಂಬೆಯಂತೆ ಓಡುವುದನ್ನು ಕಂಡು ಚನ್ನಗಿರಿಯ ಅಥವಾ ಜಗಳೂರಿನ ಬಾಲಕನು ನಕ್ಕರೆ ತಪ್ಪು ಅವನದಲ್ಲ. (ಅವರ ನಡಿಗೆ ಬಿರುಸಾದುದೇ ಸರಿ, ಆದರೆ ಇಷ್ಟಲ್ಲ.) ಮೂಕಚಿತ್ರದ ಕ್ಯಾಮೆರಾವನ್ನು ಸಾಮಾನ್ಯವಾಗಿ ಕೈಯಿಂದ ತಿರುಗಿಸುತ್ತಿದ್ದರು, ಸೆಕೆಂಡಿಗೆ ಸುಮಾರು 16 ಬಿಡಿಚಿತ್ರಗಳು. ವಾಕ್ಚಿತ್ರದ ಯಂತ್ರವು ಸೆಕೆಂಡಿಗೆ 24ನ್ನು ಓಡಿಸುವುದರಿಂದ 3 ಸೆಕೆಂಡಿನ ನಡಿಗೆ 2 ಸೆಕೆಂಡಿನಲ್ಲಿ ಮುಗಿಯುತ್ತದೆ. ಎರಡಕ್ಕೊಂದರಂತೆ ಬಿಡಿಚಿತ್ರವನ್ನು ಮರುಮುದ್ರಿಸಿದರೆ 16 ಎಂಬುದು 24 ಆಗುತ್ತದೆ.

ಮೂಲವನ್ನು ಮುಟ್ಟಬಾರದೆಂಬ ವಾದವುಂಟು. ವೇಗವನ್ನು ಒಂದೂವರೆ ಪಟ್ಟು ಮಾಡುವುದೂ ಮುಟ್ಟಿದಂತೆಯೇ ಅಲ್ಲವೆ? ಕೈಯ ವೇಗ ಏರಿಳಿಯುತ್ತಿದ್ದುದರಿಂದ ಲೆಕ್ಕ ಸಿಗದೆನ್ನುವವರು ದೃಶ್ಯದಲ್ಲಿ ಬೀಳುವ ಕಲ್ಲನ್ನೋ ಕಾಯನ್ನೋ ಹುಡುಕಲಿ. 4 ಅಡಿ ಬೀಳಲು ಅರ್ಧ ಸೆಕೆಂಡು ಬೇಕು. ಆ ಪತನವನ್ನು ಹಿಡಿದ ಬಿಡಿಚಿತ್ರಗಳನ್ನು ಎಣಿಸಿ ಇಮ್ಮಡಿಸಿದರೆ ಮೂಲವೇಗ ದೊರೆಯುತ್ತದೆ.